ನೋಟಿಸು ಮುಟ್ಟಿದೊಡನೆ ಬಡವರಾಗುವುದು ಹೇಗೆ?

ಬರ ಬಂದರೆ, ನೆರೆ ಬಂದರೆ, ಅಡಿಕೆ ಧಾರಣೆ ಬಿದ್ದರೆ, ಇಸ್ಪೀಟಿಗೆ ಕೂತರೆ ಮನುಷ್ಯ ಬಡವನಾಗುತ್ತಾನೆ ಎಂದು ಕೇಳಿದ್ದೇವೆ. ಅವೆಲ್ಲ ನಿಧಾನದ ದಾರಿಗಳು, ಒಂದೆರಡು ವರ್ಷವಾದರೂ ಹಿಡಿಯುತ್ತದೆ. ದುಂಡಗೆ ಇದ್ದ ಗಂಡಸನ್ನು ಒಂದೇ ಮಧ್ಯಾಹ್ನದಲ್ಲಿ ನಿರ್ಗತಿಕನನ್ನಾಗಿಸುವ ಶಕ್ತಿ ನಮ್ಮ ನಾಡಿನಲ್ಲಿ ಒಂದಕ್ಕೆ ಮಾತ್ರ ಇದೆ: ಕೌಟುಂಬಿಕ ನ್ಯಾಯಾಲಯದ ನೋಟಿಸಿಗೆ. ಸಹಿ ಹಾಕಲು ಪೆನ್ನು ಎತ್ತಿಕೊಂಡಾಗ ಅವನಿಗೆ ಸಂಬಳವಿತ್ತು, ಸೈಟಿತ್ತು, ಕಾರಿತ್ತು. ಪೆನ್ನಿಗೆ ಮುಚ್ಚಳ ಹಾಕುವಷ್ಟರಲ್ಲಿ ಮೂರೂ ಹೋಗಿವೆ. ಉಳಿದಿರುವುದು ಸಾಲ ಮತ್ತು ತಾಯಿಯ ಮಂಡಿನೋವು.

ಇದೇ ಮಹಾನುಭಾವ ಹೆಣ್ಣು ನೋಡಲು ಬಂದ ದಿನದ ಲೆಕ್ಕ ಬೇರೆ ಇತ್ತು. ಉಪ್ಪಿಟ್ಟು, ಕೇಸರಿಭಾತಿನ ತಟ್ಟೆ ಮುಂದಿಟ್ಟುಕೊಂಡು ಸೋದರಮಾವ ಬಿಡಿಸಿ ಹೇಳಿದ್ದರು. ‘ಕೈಗೆ ಎಂಬತ್ತು ಬರುತ್ತೆ. ಊರಲ್ಲಿ ಐದೆಕರೆ ತೋಟ. ಮೈಸೂರಲ್ಲಿ ಮೂವತ್ತು ನಲವತ್ತರ ಸೈಟು. ಅಪ್ಪನಿಗೆ ಪೆನ್ಷನ್ ಇದೆ, ಹುಡುಗನ ಮೇಲೆ ಯಾರ ಭಾರವೂ ಇಲ್ಲ. ನಿಮ್ಮ ಮಗಳು ಕೆಲಸಕ್ಕೆ ಹೋಗಬೇಕು ಅನ್ನೋದೇನೂ ಇಲ್ಲ, ಮನೆ ನೋಡ್ಕೊಂಡಿದ್ರೆ ಸಾಕು.’ ಆ ಮಾತಿಗೆ ಯಾರೂ ಛಾಪಾ ಕಾಗದ ಕೇಳಲಿಲ್ಲ, ನೋಟರಿ ಸೀಲೂ ಬೀಳಲಿಲ್ಲ.

ಈಗ ಹೆಂಡತಿಯ ಜೀವನಾಂಶದ ಅರ್ಜಿಗೆ ಅವನು ಹಾಕಿದ ಆಕ್ಷೇಪಣೆಯನ್ನು ಓದಿ. ‘ಎದುರುದಾರನು ಸದರಿ ಕಂಪನಿಯ ಕೆಲಸವನ್ನು ಬಿಟ್ಟಿದ್ದು, ಸದ್ಯ ಸ್ನೇಹಿತನ ಅಂಗಡಿಯಲ್ಲಿ ಸಿಕ್ಕಷ್ಟಕ್ಕೆ ದುಡಿಯುತ್ತಿರುತ್ತಾನೆ. ತೋಟವು ಅವಿಭಕ್ತ ಕುಟುಂಬದ ಸ್ವತ್ತಾಗಿದ್ದು ಅದರಿಂದ ಯಾವುದೇ ಆದಾಯ ಇರುವುದಿಲ್ಲ. ಸೈಟು ತಾಯಿಯ ಹೆಸರಿನಲ್ಲಿರುತ್ತದೆ. ಕಾರು ಭಾವಮೈದುನನದಾಗಿದ್ದು ಎದುರುದಾರನು ಆಗೊಮ್ಮೆ ಈಗೊಮ್ಮೆ ಓಡಿಸಿರುತ್ತಾನೆ. ವೃದ್ಧ ತಂದೆತಾಯಿಗಳ ಔಷಧೋಪಚಾರದ ಸಂಪೂರ್ಣ ಹೊಣೆ ಇವನ ಮೇಲಿರುತ್ತದೆ. ಅರ್ಜಿದಾರಳು ಎಂ.ಎ., ಬಿ.ಇಡಿ. ಓದಿದ್ದು ತನ್ನ ಜೀವನವನ್ನು ತಾನೇ ನೋಡಿಕೊಳ್ಳಲು ಶಕ್ತಳಿರುತ್ತಾಳೆ.’ ಅದೇ ಹುಡುಗ, ಅದೇ ತೋಟ, ಅದೇ ಅಪ್ಪ ಅಮ್ಮ. ಆವತ್ತು ಹೆಣ್ಣಿನ ಕಡೆಯವರನ್ನು ಒಪ್ಪಿಸಬೇಕಿತ್ತು, ಇವತ್ತು ನ್ಯಾಯಾಧೀಶರನ್ನು ಒಪ್ಪಿಸಬೇಕಾಗಿದೆ, ಅಷ್ಟೇ ವ್ಯತ್ಯಾಸ.

ಹೆಂಡತಿ ಮಕ್ಕಳನ್ನು ಸಾಕುವುದು ಗಂಡಸಿನ ಹೊಣೆ ಎಂಬುದು ನಿನ್ನೆ ಮೊನ್ನೆ ಹೆಂಗಸರ ಸಂಘದವರು ಸೇರಿ ಬರೆಸಿದ ಕಾನೂನಲ್ಲ. ಬ್ರಿಟಿಷರ 1898ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಅದು 488ನೇ ಕಲಂ ಆಗಿತ್ತು. 1973ರ ಸಂಹಿತೆಯಲ್ಲಿ 125 ಆಯಿತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 144. ಕಲಮಿಗೆ ಮೂರು ನಂಬರು ಬಂದವು, ಸರ್ಕಾರಗಳು ಎಷ್ಟೋ ಬಂದು ಹೋದವು. ಆಕ್ಷೇಪಣೆಯ ಒಕ್ಕಣೆ ಮಾತ್ರ ಒಂದಕ್ಷರ ಬದಲಾಗಿಲ್ಲ. ಪರಂಪರೆ ಉಳಿಸಿಕೊಂಡಿದ್ದೇವೆ ಎಂದು ಹೆಮ್ಮೆಪಡಲು ನಮಗೆ ಇದೂ ಒಂದಿದೆ.

ಮೊದಮೊದಲು ಕಾನೂನೇ ಗಂಡನ ಜೇಬಿನ ಮೇಲೆ ಕರುಣೆ ಇಟ್ಟಿತ್ತು. ಜೀವನಾಂಶ ತಿಂಗಳಿಗೆ 500 ರೂಪಾಯಿ ಮೀರಬಾರದು ಎಂದು 1955ರಲ್ಲಿ ಗೆರೆ ಎಳೆದರು. ಆಮೇಲೆ ಅಕ್ಕಿಯ ಬೆಲೆ ಏರಿತು, ಸೀಮೆಎಣ್ಣೆಯ ಬೆಲೆ ಏರಿತು, ಶಾಸಕರ ಸಂಬಳವೂ ಏರಿತು. ಕೆಲವು ರಾಜ್ಯಗಳು ತಮ್ಮ ಮಟ್ಟಿಗೆ ಮಿತಿ ಹೆಚ್ಚಿಸಿಕೊಂಡರೂ ಕೇಂದ್ರದ ಪುಸ್ತಕದಲ್ಲಿ 500 ಎನ್ನುವುದು 2001ರವರೆಗೆ ಅಲುಗಲಿಲ್ಲ. ಅದೂ ಸಾಲದೆ, ಆ 500 ಒಬ್ಬೊಬ್ಬರಿಗೋ ಇಡೀ ಸಂಸಾರಕ್ಕೋ ಎಂಬ ತಕರಾರು 1978ರಲ್ಲಿ ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿತು. ಹೆಂಡತಿ ಮಕ್ಕಳೆಲ್ಲರೂ ಸೇರಿ ಅಷ್ಟರಲ್ಲೇ ಸುಧಾರಿಸಿಕೊಳ್ಳಲಿ ಎಂದು ವಾದಿಸಿದವರು ಒಬ್ಬ ಕ್ಯಾಪ್ಟನ್. ಮಿತಿ ತಲೆಗೆ ಲೆಕ್ಕ, ಮನೆಗಲ್ಲ ಎಂದು ನ್ಯಾಯಮೂರ್ತಿ ಕೃಷ್ಣ ಅಯ್ಯರ್ ತೀರ್ಪು ಬರೆಯಬೇಕಾಯಿತು. ಅಲ್ಲಿಯವರೆಗೆ ಮಕ್ಕಳು ಭಾಗಾಕಾರದಲ್ಲಿ ಊಟ ಮಾಡುತ್ತಿದ್ದರು.

ಶಾ ಬಾನು ಪ್ರಕರಣ ದೇಶದ ರಾಜಕೀಯವನ್ನೇ ಅಲ್ಲಾಡಿಸಿದ್ದು ಎಲ್ಲರಿಗೂ ಗೊತ್ತು. ಅಲ್ಲಾಡಿಸಿದ ಮೊತ್ತ ಎಷ್ಟೆಂದು ಕೇಳಿದರೆ ಹೆಚ್ಚಿನವರು ಬಾಯಿ ಬಿಡುವುದಿಲ್ಲ. ನಲವತ್ತಕ್ಕೂ ಹೆಚ್ಚು ವರ್ಷ ಸಂಸಾರ ಮಾಡಿದ ಹೆಂಗಸಿಗೆ ಇಂದೋರಿನ ಮ್ಯಾಜಿಸ್ಟ್ರೇಟರು 1979ರಲ್ಲಿ ಕೊಡಿಸಿದ್ದು ತಿಂಗಳಿಗೆ 25 ರೂಪಾಯಿ. ಹೈಕೋರ್ಟು ಅದನ್ನು ಏರಿಸಿ 179 ರೂಪಾಯಿ 20 ಪೈಸೆ ಮಾಡಿತು. ಗಂಡ ವಕೀಲರು, ಚೆನ್ನಾಗಿ ಸಂಪಾದಿಸುತ್ತಿದ್ದವರು. ಆದರೂ ಆ 179 ರೂಪಾಯಿ 20 ಪೈಸೆ ಉಳಿಸಿಕೊಳ್ಳಲು ದೆಹಲಿಯವರೆಗೆ ಮೇಲ್ಮನವಿ ಹೋಯಿತು. 1985ರಲ್ಲಿ ಐವರು ನ್ಯಾಯಮೂರ್ತಿಗಳು ಕೂತು ಅದನ್ನು ವಜಾ ಮಾಡಿದರು. ದೆಹಲಿಗೆ ಓಡಾಡಿದ ಟಿಕೆಟಿನ ದುಡ್ಡಿನಲ್ಲಿ ಎಷ್ಟು ತಿಂಗಳ ಜೀವನಾಂಶ ತೀರುತ್ತಿತ್ತು ಎಂದು ಲೆಕ್ಕ ಹಾಕುವವರಿಗೆ ಗಂಡಸಿನ ಸ್ವಾಭಿಮಾನ ಅರ್ಥವಾಗುವುದಿಲ್ಲ. ದುಡ್ಡು ಹೋದರೂ ಚಿಂತೆಯಿಲ್ಲ, ಅವಳ ಕೈಗೆ ಹೋಗಬಾರದು.

ಮೂಲ ಅರ್ಜಿ ಇತ್ಯರ್ಥವಾಗುವವರೆಗೆ ಊಟಕ್ಕೇನು ಮಾಡಬೇಕು ಎಂಬ ಪ್ರಶ್ನೆಗೆ ಹುಟ್ಟಿದ್ದು ಮಧ್ಯಂತರ ಜೀವನಾಂಶ. ಹಿಂದೂ ವಿವಾಹ ಕಾಯ್ದೆಯ 24ನೇ ಕಲಂನಲ್ಲಿ ಇದು 1955ರಿಂದಲೇ ಇತ್ತು. 125ನೇ ಕಲಂನಲ್ಲಿ ಬರೆದಿರಲಿಲ್ಲ. ಬರೆಯದಿದ್ದರೇನು, ಜೀವನಾಂಶ ಕೊಡಿಸುವ ಅಧಿಕಾರ ಇದ್ದವರಿಗೆ ಅಲ್ಲಿಯವರೆಗೆ ಬದುಕಿಸಿಟ್ಟುಕೊಳ್ಳುವ ಅಧಿಕಾರವೂ ಇದೆ ಎಂದು 1985ರಲ್ಲೇ ಸುಪ್ರೀಂ ಕೋರ್ಟು ಹೇಳಿತು. ಸಂಸತ್ತು ಅದನ್ನು ಕಾನೂನಿನ ಪುಸ್ತಕಕ್ಕೆ ಸೇರಿಸಲು 16 ವರ್ಷ ತೆಗೆದುಕೊಂಡಿತು. 2001ರ ತಿದ್ದುಪಡಿಯಲ್ಲಿ 500ರ ಮಿತಿಯನ್ನು ಕಿತ್ತುಹಾಕಿ, ಮಧ್ಯಂತರ ಅರ್ಜಿಯನ್ನು ನೋಟಿಸು ಜಾರಿಯಾದ ದಿನದಿಂದ ಸಾಧ್ಯವಾದಷ್ಟೂ 60 ದಿನಗಳೊಳಗೆ ಮುಗಿಸಬೇಕು ಎಂದು ಬರೆದರು. ‘ಸಾಧ್ಯವಾದಷ್ಟೂ’ ಎಂಬಲ್ಲಿ ಒಂದು ಕಿಂಡಿ, ‘ಜಾರಿಯಾದ ದಿನದಿಂದ’ ಎಂಬಲ್ಲಿ ಇನ್ನೊಂದು ಕಿಂಡಿ. ಈ ಎರಡು ಕಿಂಡಿಗಳ ನಡುವೆ ಒಂದು ಸಂಸಾರ ಹಲವು ವರ್ಷ ಹಸಿದಿರಲು ಸಾಕಷ್ಟು ಜಾಗವಿದೆ. ಅನುಭವಸ್ಥ ಗಂಡಂದಿರು ಈ ಅಖಾಡದಲ್ಲಿ ಹಾಕುವ ಪಟ್ಟುಗಳನ್ನು, ಮುಂದೆ ಬರುವವರ ಉಪಯೋಗಕ್ಕಾಗಿ, ಇಲ್ಲಿ ಒಂದೊಂದಾಗಿ ಬಿಡಿಸಿ ಹೇಳುತ್ತೇನೆ.

ಮೊದಲ ಪಟ್ಟು, ನೋಟಿಸು ಮುಟ್ಟಿಸಿಕೊಳ್ಳದಿರುವುದು. ಮುಟ್ಟದಿದ್ದರೆ 60 ದಿನ ಶುರುವೇ ಆಗುವುದಿಲ್ಲ. ಅಂಚೆಯವನು ಬಂದಾಗ ‘ಮನೆ ಬೀಗ’, ಅಮೀನ ಬಂದಾಗ ‘ಊರಲ್ಲಿಲ್ಲ’, ಮನೆಯ ಮುಂದೆ ಚಪ್ಪಲಿ, ಒಳಗೆ ಟಿವಿಯ ಸದ್ದು ಇದ್ದರೂ ‘ಎಲ್ಲಿಗೆ ಹೋದನೋ ಗೊತ್ತಿಲ್ಲ ಸಾರ್’ ಎನ್ನುವ ತಾಯಿ. ಹಳೇ ವಿಳಾಸ, ಹೊಸ ವಿಳಾಸ, ಆಫೀಸಿನ ವಿಳಾಸ ಎಂದು ಹೆಂಡತಿ ಪ್ರತಿಸಲ ಪ್ರೋಸೆಸ್ ಫೀ ಕಟ್ಟುತ್ತಾಳೆ. ವಾಟ್ಸ್ಯಾಪಿನಲ್ಲಿ ಬೆಳಗ್ಗೆ ಗುಡ್ ಮಾರ್ನಿಂಗ್, ಸಂಜೆ ಕ್ರಿಕೆಟ್ ಸ್ಕೋರು ಹಾಕುತ್ತಿರುವ ಮನುಷ್ಯ ನ್ಯಾಯಾಲಯದ ದಾಖಲೆಯ ಪ್ರಕಾರ ಭೂಮಿಯ ಮೇಲೇ ಇಲ್ಲ.

ಎರಡನೆಯ ಪಟ್ಟು, ಕೆಲಸ ಬಿಡುವುದು. ಸ್ವಲ್ಪ ದುಬಾರಿಯಾದರೂ ಇದರಲ್ಲಿ ತ್ಯಾಗದ ಒಂದು ಕಳೆ ಇದೆ. 2015ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದ ಪ್ರಕರಣ ನೋಡಿ. ಸೇನೆಯಲ್ಲಿದ್ದ ಗಂಡ ಸ್ವಯಂ ನಿವೃತ್ತಿ ಪಡೆದಿದ್ದ. ಹೆಂಡತಿ ಅರ್ಜಿ ಹಾಕಿದ್ದು 1998ರಲ್ಲಿ, ಕೌಟುಂಬಿಕ ನ್ಯಾಯಾಲಯ ಆದೇಶ ಮಾಡಿದ್ದು 2012ರಲ್ಲಿ. ತಿಂಗಳಿಗೆ 4,000 ರೂಪಾಯಿ ಎಂದಿದ್ದನ್ನು ಹೈಕೋರ್ಟು, ಪಾಪ ನಿವೃತ್ತನಾಗಿದ್ದಾನೆ ಎಂದು 2,000ಕ್ಕೆ ಇಳಿಸಿತು. ಕೆಲಸವಿಲ್ಲ, ವ್ಯಾಪಾರ ಕೈಕೊಟ್ಟಿದೆ ಎಂಬುದೆಲ್ಲ ಬರೀ ನೆಪ, ಗಟ್ಟಿಮುಟ್ಟಾಗಿರುವವನು ಹೆಂಡತಿಯನ್ನು ಸಾಕಲೇಬೇಕು ಎಂದ ಸುಪ್ರೀಂ ಕೋರ್ಟು 4,000ವನ್ನೇ ಎತ್ತಿಹಿಡಿಯಿತು. 2022ರಲ್ಲಿ ಅದೇ ಕೋರ್ಟು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಮೈಯಲ್ಲಿ ಕಸುವಿದ್ದವನು ಕೂಲಿ ಮಾಡಿಯಾದರೂ ಸಾಕಬೇಕು ಎಂದಿತು. ಇದನ್ನು ಕೇಳಿ ಹಲವು ಗಂಡಂದಿರು ನೊಂದುಕೊಂಡರು. ಎಂಜಿನಿಯರಿಂಗ್ ಓದಿದವನು ಕೂಲಿ ಮಾಡುವುದೇ? ಹಾಗೆ ಕೇಳಿದವರ ಹೆಂಡತಿ ಅಷ್ಟು ಹೊತ್ತಿಗೆ ಗಾರ್ಮೆಂಟ್ಸ್ ಫ್ಯಾಕ್ಟರಿಯ ಬಸ್ಸು ಹತ್ತಿ ಹೋಗಿಯಾಗಿತ್ತು.

ಕರ್ನಾಟಕದ ಒಬ್ಬ ಗಂಡ ಈ ಪಟ್ಟನ್ನು ತಿರುಗಿಸಿಯೂ ಹಾಕಿ ನೋಡಿದ. 24ನೇ ಕಲಂ ಗಂಡ ಹೆಂಡತಿ ಇಬ್ಬರಿಗೂ ಅನ್ವಯಿಸುತ್ತದಲ್ಲ, ಕೋವಿಡ್ಡಿನಲ್ಲಿ ನನ್ನ ಕೆಲಸ ಹೋಗಿದೆ, ಅವಳೇ ನನಗೆ ಜೀವನಾಂಶ ಕೊಡಲಿ ಎಂದು ಕೇಳಿದ. ಕಾನೂನಿನಲ್ಲಿ ಅವಕಾಶ ನಿಜವಾಗಿಯೂ ಇದೆ, ದುಡಿಯಲಾರದ ಗಂಡನಿಗೆ ಅದು ಸಿಗಬೇಕು ಕೂಡ. ಆದರೆ ಕೈಕಾಲು ಗಟ್ಟಿ ಇರುವವನಿಗೆ ಹೀಗೆ ಕೊಡಿಸಿದರೆ ಸೋಮಾರಿತನಕ್ಕೆ ಕುಮ್ಮಕ್ಕು ಕೊಟ್ಟಂತಾಗುತ್ತದೆ ಎಂದು 2023ರಲ್ಲಿ ನಮ್ಮ ಹೈಕೋರ್ಟು ಅರ್ಜಿಯನ್ನು ತಳ್ಳಿಹಾಕಿತು.

ಮೂರನೆಯದು ಸರ್ಕಾರಿ ನೌಕರರು ಮತ್ತು ಬ್ಯಾಂಕಿನವರಿಗಾಗಿ. ಇವರಿಗೆ ಕೆಲಸ ಬಿಡಲು ಮನಸ್ಸು ಬಾರದು, ಸಂಬಳ ಬಚ್ಚಿಡಲೂ ಆಗದು. ಆದ್ದರಿಂದ ಸಂಬಳದ ಚೀಟಿಯನ್ನೇ ಒಳಗಿಂದ ಕೊರೆಯುತ್ತಾರೆ. ಭವಿಷ್ಯ ನಿಧಿಗೆ ಇಷ್ಟು, ಎಲ್‌ಐಸಿಗೆ ಇಷ್ಟು, ಸೊಸೈಟಿ ಸಾಲಕ್ಕೆ ಇಷ್ಟು, ಮನೆ ಸಾಲದ ಕಂತಿಗೆ ಇಷ್ಟು, ಪೀಠೋಪಕರಣದ ಮುಂಗಡಕ್ಕೆ ಇಷ್ಟು. ಎಲ್ಲ ಕಳೆದು ಕೊನೆಯಲ್ಲಿ ಉಳಿಯುವುದನ್ನು ನೋಡಿದರೆ ಹೆಂಡತಿಯೇ ಪರ್ಸು ಬಿಚ್ಚಿ ಏನಾದರೂ ಕೊಟ್ಟು ಹೋಗಬೇಕು ಎನ್ನಿಸುತ್ತದೆ. ಕಾನೂನುಬದ್ಧವಾಗಿ ಕಡಿತವಾಗಲೇಬೇಕಾದ ತೆರಿಗೆ ಬಿಟ್ಟರೆ, ತನ್ನ ಉಳಿತಾಯಕ್ಕೆ ತಾನೇ ಕಡಿತ ಮಾಡಿಸಿಕೊಂಡು ಸಂಬಳವೇ ಇಲ್ಲ ಎನ್ನುವಂತಿಲ್ಲ ಎಂದು ಕರ್ನಾಟಕ ಹೈಕೋರ್ಟು ಹೇಳಿದೆ. ನಿವ್ವಳ ಸಂಬಳದ ಶೇ 25ರಷ್ಟು ಕೊಡುವುದು ನ್ಯಾಯವೇ ಎಂದು 2017ರಲ್ಲಿ ಸುಪ್ರೀಂ ಕೋರ್ಟು ಹೇಳಿದಾಗ ಎಷ್ಟೋ ಗಂಡಂದಿರು ‘ಕಾಲು ಭಾಗವೇ!’ ಎಂದು ಎದೆ ಹಿಡಿದುಕೊಂಡರು. ಮುಕ್ಕಾಲು ಭಾಗ ತಮ್ಮ ಬಳಿಯೇ ಉಳಿಯಿತಲ್ಲ ಎಂಬುದು ಗಣಿತದಲ್ಲಿ ನೂರಕ್ಕೆ ನೂರು ತೆಗೆದವರಿಗೂ ಹೊಳೆಯಲಿಲ್ಲ.

ನಾಲ್ಕನೆಯದು ‘ಓದಿದ್ದಾಳೆ, ದುಡಿಯಲಿ’. ಸ್ತ್ರೀ ಸಮಾನತೆಯ ಬಗ್ಗೆ ನಮ್ಮ ದೇಶದಲ್ಲಿ ಅತ್ಯಂತ ಆವೇಶದ ಭಾಷಣಗಳು ಆಗುವುದು ಮಹಿಳಾ ದಿನಾಚರಣೆಯ ವೇದಿಕೆಯಲ್ಲಿ ಎಂದು ತಿಳಿದಿದ್ದರೆ ಅದು ತಪ್ಪು. ಬೆಂಗಳೂರಿನ ಎಚ್. ಸಿದ್ದಯ್ಯ ರಸ್ತೆಯಲ್ಲಿರುವ ನ್ಯಾಯದೇಗುಲದಲ್ಲಿ ಒಂದು ಬೆಳಗ್ಗೆ ಕೂತು, ಗಂಡನ ಪರ ವಕೀಲರ ವಾದ ಕೇಳಿ. ‘ಸ್ವಾಮಿ, ಇವತ್ತಿನ ಹೆಣ್ಣುಮಕ್ಕಳು ವಿಮಾನ ಹಾರಿಸ್ತಾರೆ, ಈಯಮ್ಮ ಒಂದು ಶಾಲೆಯಲ್ಲಿ ಪಾಠ ಮಾಡಬಾರದೇ?’ ಆಯಮ್ಮ ಮದುವೆಯಾದ ಹೊಸದರಲ್ಲಿ ಪಾಠ ಮಾಡಲು ಹೊರಟಾಗ ‘ನಮ್ಮ ಮನೆತನದ ಹೆಂಗಸರು ಹೊರಗೆ ದುಡಿಯೋದಿಲ್ಲ’ ಎಂದಿದ್ದು ಇದೇ ಕಕ್ಷಿದಾರ. ಮಗು ಹುಟ್ಟಿದ ಮೇಲೆ ‘ಮಗೂನ ಯಾರು ನೋಡ್ಕೋತಾರೆ?’ ಎಂದಿದ್ದೂ ಇವನೇ. ಅದೇ ಮಗು ಈಗ ತಾಯಿಯ ಸೊಂಟದ ಮೇಲೆ ಕೂತು ಸಮಾನತೆಯ ಭಾಷಣ ಕೇಳುತ್ತಿದೆ.

ಕೊನೆಗೆ ಹೈಕೋರ್ಟು ಈ ಮಗುವಿನ ಕಡೆ ಕಣ್ಣು ಹಾಯಿಸಿತು. 2024ರಲ್ಲಿ ಬ್ಯಾಂಕ್ ಮ್ಯಾನೇಜರ್ ಒಬ್ಬರು, ಹೆಂಡತಿ ಓದಿದ್ದರೂ ಸೋಮಾರಿಯಾಗಿ ಕೂತಿದ್ದಾಳೆ ಎಂದು ವಾದಿಸಿದರು. ಮಕ್ಕಳನ್ನು ನೋಡಿಕೊಳ್ಳುವುದು ಹಗಲಿರುಳಿನ ಕೆಲಸ, ಅದನ್ನು ಮಾಡುತ್ತಿರುವವಳನ್ನು ಸೋಮಾರಿ ಎನ್ನುವಂತಿಲ್ಲ ಎಂದ ನ್ಯಾಯಮೂರ್ತಿ ಎಂ. ನಾಗಪ್ರಸನ್ನ 18,000 ರೂಪಾಯಿ ಇದ್ದ ಜೀವನಾಂಶವನ್ನು 36,000ಕ್ಕೆ ಏರಿಸಿದರು. ಹೆಂಡತಿ ಅಷ್ಟಿಷ್ಟು ದುಡಿದ ಮಾತ್ರಕ್ಕೆ ಅವಳ ಹಕ್ಕು ಹೋಗುವುದಿಲ್ಲ, ಜೀವನಾಂಶ ಸಿಗಬೇಕಾದರೆ ಅವಳು ಭಿಕ್ಷೆಗೆ ನಿಲ್ಲಬೇಕು ಎಂದೇನಿಲ್ಲ ಎಂದು ಸುಪ್ರೀಂ ಕೋರ್ಟು 2007ರಲ್ಲೇ ಹೇಳಿತ್ತು. ಆದರೂ ವಾದ ನಿಂತಿಲ್ಲ. ಗೃಹಲಕ್ಷ್ಮಿಯ 2,000 ರೂಪಾಯಿ ಬರುತ್ತಿದೆ, ಬಸ್ಸು ಪುಕ್ಕಟೆ, ಐದು ಕಿಲೋ ಅಕ್ಕಿಯೂ ಇದೆ, ಇನ್ನು ಗಂಡ ಯಾಕೆ ಬೇಕು ಎಂದು ಯಾವುದಾದರೂ ಆಕ್ಷೇಪಣೆಯಲ್ಲಿ ಬರೆದಿದ್ದರೆ ನನಗೆ ಆಶ್ಚರ್ಯವಾಗುವುದಿಲ್ಲ. ಹೀಗೆ ಹೋದರೆ ಗಂಡನ ಹೊಣೆಯನ್ನು ಆರನೇ ಗ್ಯಾರಂಟಿಯಾಗಿ ಸರ್ಕಾರವೇ ವಹಿಸಿಕೊಳ್ಳಬೇಕಾದೀತು.

ಐದನೆಯ ಪಟ್ಟಿನಲ್ಲಿ ಕಣ್ಣೀರೂ ಇದೆ, ಕಲಮೂ ಇದೆ. ವರ್ಷಗಟ್ಟಲೆ ‘ನೀನು ಸತ್ತರೂ ಈ ಹೊಸ್ತಿಲು ತುಳೀಬೇಡ’ ಎಂದವನು ಕೋರ್ಟಿನಲ್ಲಿ ಎದ್ದು ನಿಂತು ‘ನಾನು ಈಗಲೂ ಕರಕೊಂಡು ಹೋಗೋಕೆ ಸಿದ್ಧ ಸ್ವಾಮಿ’ ಎನ್ನುತ್ತಾನೆ. ಹಿಂದಿನ ಬೆಂಚಿನಲ್ಲಿ ಕೂತ ಅಜ್ಜಿಯೊಬ್ಬರು ‘ಪಾಪ, ಹುಡುಗ ಒಳ್ಳೆಯವನು’ ಎಂದು ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತಾರೆ. ಅಜ್ಜಿಗೆ ಗೊತ್ತಿಲ್ಲದ್ದು ಇಷ್ಟು: ಸಕಾರಣವಿಲ್ಲದೆ ಗಂಡನ ಜೊತೆ ಇರಲು ಒಲ್ಲೆ ಎನ್ನುವ ಹೆಂಡತಿಗೆ ಜೀವನಾಂಶ ಇಲ್ಲ ಎಂದು 144ನೇ ಕಲಂನಲ್ಲೇ ಬರೆದಿದೆ. ಅವಳು ‘ಬರೋದಿಲ್ಲ’ ಎಂದಳೋ, ದಾಖಲಿಸಿಕೊಳ್ಳಿ ಸ್ವಾಮಿ. ‘ಬರ್ತೀನಿ’ ಎಂದಳೋ, ಅರ್ಜಿ ವಾಪಸು ತೆಗೆಸಿ ಮೂರನೇ ದಿನ ಮತ್ತೆ ತವರಿನ ಬಸ್ಸು ಹತ್ತಿಸಿದರಾಯಿತು. ಒಲ್ಲೆ ಎನ್ನಲು ಅವಳಿಗೆ ಕಾರಣವೇನು ಎಂದು ವಿಚಾರಿಸುವ ಅಧಿಕಾರವೂ ಕಾನೂನಿನಲ್ಲಿದೆ. ಆ ವಿಚಾರಣೆಗೆ ಇನ್ನಷ್ಟು ವಾಯಿದೆ.

ವಾಯಿದೆ ಎಂದೆನಲ್ಲ, ಉಳಿದ ಪಟ್ಟುಗಳೆಲ್ಲ ಮಣ್ಣು ಮುಕ್ಕಿದರೂ ಕೈಬಿಡದೆ ಕಾಯುವುದು ಇದೊಂದೇ. ಹಳೇ ವಕೀಲರು ಬದಲಾಗಿದ್ದಾರೆ, ಹೊಸ ವಕೀಲರಿಗೆ ಫೈಲು ಸಿಕ್ಕಿಲ್ಲ, ಹಿರಿಯ ವಕೀಲರು ಹೈಕೋರ್ಟಿನಲ್ಲಿದ್ದಾರೆ, ಕಿರಿಯ ವಕೀಲರಿಗೆ ಏನೂ ಗೊತ್ತಿಲ್ಲ, ಕಕ್ಷಿದಾರನಿಗೆ ಜ್ವರ, ಮೀಡಿಯೇಷನ್ನಿಗೆ ಕಳಿಸಿ, ಮೀಡಿಯೇಷನ್ ಮುರಿದಿದೆ, ಆಕ್ಷೇಪಣೆಗೆ ಕೊನೆಯ ಅವಕಾಶ, ಕೊನೆಯದರ ನಂತರದ ಅವಕಾಶ, ಬೇಸಿಗೆ ರಜೆ, ದಸರಾ ರಜೆ, ನ್ಯಾಯಾಧೀಶರ ವರ್ಗಾವಣೆ. ಪ್ರತಿ ವಾಯಿದೆಗೂ ಅವಳು ಹೊಸಕೋಟೆಯಿಂದಲೋ ಮಾಗಡಿಯಿಂದಲೋ ಮಗುವನ್ನೆತ್ತಿಕೊಂಡು ಬರುತ್ತಾಳೆ. ಅಟೆಂಡರ್ ಮೂರು ಸಲ ಹೆಸರು ಕೂಗುತ್ತಾನೆ. ಮುಂದಿನ ತಾರೀಕು ಗುರುತು ಹಾಕಿಕೊಂಡು ಹೋಗುತ್ತಾಳೆ. ಅವಳು ಕಳೆದುಕೊಂಡ ದಿನಗೂಲಿಯನ್ನು ಯಾವ ತೀರ್ಪೂ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಇದು ಬರೀ ಸಣ್ಣೂರಿನ ಕತೆಯೆಂದು ತಿಳಿಯಬೇಡಿ. 2002ರಲ್ಲಿ ಹಾಕಿದ ಜೀವನಾಂಶದ ಅರ್ಜಿಯೊಂದು ಒಂಬತ್ತು ವರ್ಷ ಕೌಟುಂಬಿಕ ನ್ಯಾಯಾಲಯದಲ್ಲೇ ಇದ್ದುದನ್ನು ಕಂಡು ಸುಪ್ರೀಂ ಕೋರ್ಟು 2014ರಲ್ಲಿ ಬೇಸರಪಟ್ಟಿತು. 2020ರ ನವೆಂಬರ್ 4ರಂದು ತೀರ್ಪು ಬಂದ ರಜನೇಶ್–ನೇಹಾ ಪ್ರಕರಣದಲ್ಲಿ ಮಧ್ಯಂತರ ಜೀವನಾಂಶದ ಅರ್ಜಿ 2013ರದು. 60 ದಿನದಲ್ಲಿ ಮುಗಿಯಬೇಕಾದದ್ದು ಏಳು ವರ್ಷ ನಡೆದು, ದೇಶದ ಅತ್ಯುನ್ನತ ನ್ಯಾಯಾಲಯದವರೆಗೆ ಹೋಗಿ, ತಾಯಿಗೆ ತಿಂಗಳಿಗೆ 15,000, ಮಗನಿಗೆ ಮೊದಲು 5,000, ಆಮೇಲೆ 10,000 ಎಂಬ ಆದೇಶವನ್ನು ಕಾಪಾಡಿಕೊಳ್ಳಬೇಕಾಯಿತು. ಮಧ್ಯಂತರ ಎಂದರೆ ನಡುವಿನ ಅವಧಿ ಎಂದು ತಿಳಿದವರಿಗೆ ಹೇಳುತ್ತೇನೆ, ಆ ನಡುವಿನಲ್ಲಿ ಒಂದು ಮಗು ಅಂಗನವಾಡಿಯಿಂದ ಹೈಸ್ಕೂಲಿಗೆ ಹೋಗಬಹುದು.

ಆ ತೀರ್ಪು ಬರೆದ ನ್ಯಾಯಮೂರ್ತಿ ಇಂದು ಮಲ್ಹೋತ್ರಾ ಮತ್ತು ನ್ಯಾಯಮೂರ್ತಿ ಆರ್. ಸುಭಾಷ್ ರೆಡ್ಡಿ ಈ ಅಖಾಡಕ್ಕೆ ಒಂದಷ್ಟು ನಿಯಮ ತಂದರು. ಗಂಡ ಹೆಂಡತಿ ಇಬ್ಬರೂ ಆಸ್ತಿ, ಆದಾಯ, ಸಾಲ, ಖರ್ಚುಗಳನ್ನು ಪ್ರಮಾಣಪತ್ರದಲ್ಲಿ ಬಿಚ್ಚಿಡಬೇಕು. ಗಂಡ ನಾಲ್ಕು ವಾರದೊಳಗೆ ಸಲ್ಲಿಸಬೇಕು, ಎರಡಕ್ಕಿಂತ ಹೆಚ್ಚು ವಾಯಿದೆ ಕೇಳುವಂತಿಲ್ಲ, ಬೇಕೆಂದೇ ಎಳೆದರೆ ಅವನ ಪ್ರತಿವಾದವನ್ನೇ ತೆಗೆದುಹಾಕಬಹುದು. ಜೀವನಾಂಶ ಆದೇಶದ ದಿನದಿಂದ ಬಂದರೆ ಸಾಲದು, ಅರ್ಜಿ ಹಾಕಿದ ದಿನದಿಂದಲೇ ಲೆಕ್ಕ. ಈ ಕೊನೆಯ ಮಾತಿಗೆ ಗಂಡಂದಿರು ನಿಜಕ್ಕೂ ಬೆಚ್ಚಿದರು. ಎಳೆದಷ್ಟೂ ಉಳಿತಾಯ ಎಂದುಕೊಂಡಿದ್ದು ಎಳೆದಷ್ಟೂ ಬಾಕಿಯಾಗಿ ಬೆಳೆಯತೊಡಗಿತು. ಆದರೆ ನಮ್ಮವರು ಪ್ರಮಾಣಪತ್ರವನ್ನೂ ಪಳಗಿಸಿಕೊಂಡಿದ್ದಾರೆ. ನಮೂನೆಯಲ್ಲಿ ಪುಟಗಟ್ಟಲೆ ಕಾಲಂಗಳು, ಎಲ್ಲಕ್ಕೂ ಒಂದೇ ಉತ್ತರ: ‘ಇಲ್ಲ’. ಬ್ಯಾಂಕ್ ಖಾತೆ ಒಂದೇ ಇದೆ, ಅದರಲ್ಲಿ ಇರುವ ಹಣ 312 ರೂಪಾಯಿ. ಅದೇ ಮನುಷ್ಯ ಗೋಕರ್ಣದ ಬೀಚಿನಲ್ಲಿ ಕಪ್ಪು ಕನ್ನಡಕ ಹಾಕಿ ನಿಂತ ಫೋಟೋ ಇನ್‌ಸ್ಟಾಗ್ರಾಮಿನಲ್ಲಿದೆ. ಪ್ರಮಾಣ ಮಾಡಿ ಸುಳ್ಳು ಹೇಳುವವರು ಕೂಡ ಲೈಕಿಗಾಗಿ ನಿಜ ಹೇಳಿಬಿಡುತ್ತಾರೆ.

ಈಗ ಇನ್ನೊಂದು ಕಡೆಯ ಮಾತು. 2024ರ ಆಗಸ್ಟಿನಲ್ಲಿ ಕರ್ನಾಟಕ ಹೈಕೋರ್ಟಿನ ಒಂದು ವಿಡಿಯೊ ದೇಶವೆಲ್ಲ ಸುತ್ತಿತು. ಹೆಂಡತಿಯೊಬ್ಬರು ತಿಂಗಳಿಗೆ 6 ಲಕ್ಷಕ್ಕೂ ಮಿಕ್ಕಿ ಖರ್ಚಿನ ಪಟ್ಟಿ ಕೊಟ್ಟಿದ್ದರು. ಅಷ್ಟು ಖರ್ಚು ಮಾಡುವ ಆಸೆ ಇದ್ದರೆ ತಾವೇ ದುಡಿಯಲಿ ಎಂದು ನ್ಯಾಯಮೂರ್ತಿಗಳು ಬಿಸಿ ಮುಟ್ಟಿಸಿದರು. ಸರಿಯಾಗಿಯೇ ಮುಟ್ಟಿಸಿದರು. ಖರ್ಚು ಉಬ್ಬಿಸುವ ಹೆಂಡತಿಯರಿದ್ದಾರೆ, ಸಂಬಳ ಮುಚ್ಚಿಡುವ ಹೆಂಡತಿಯರಿದ್ದಾರೆ. ಪ್ರಮಾಣಪತ್ರದ ನಿಯಮ ಇಬ್ಬರಿಗೂ ಒಂದೇ ಆಗಿರುವುದು ಅದಕ್ಕೇ. ನಿಜವಾಗಿಯೂ ಕೆಲಸ ಕಳೆದುಕೊಂಡು ಕಂಗಾಲಾದ ಗಂಡನೂ ಇದ್ದಾನೆ. ಅವನ ದುರದೃಷ್ಟವೆಂದರೆ ಕೋರ್ಟಿನ ಕಾರಿಡಾರಿನಲ್ಲಿ ಅವನ ಅಕ್ಕಪಕ್ಕ ಅದೇ ಮಾತನ್ನು ಸುಳ್ಳಾಗಿ ಹೇಳುವ ಹತ್ತು ಜನ ನಿಂತಿದ್ದಾರೆ. ಆ ವಿಡಿಯೊ ಮಾತ್ರ ನಮ್ಮ ಗಂಡಸರಿಗೆ ಪುರಾಣಶ್ರವಣದಂತೆ ಆಯಿತು. ಕಚೇರಿಯ ಗ್ರೂಪಿನಲ್ಲಿ, ಶಾಲೆಯ ಹಳೇ ಗೆಳೆಯರ ಗ್ರೂಪಿನಲ್ಲಿ, ಕುಟುಂಬದ ಗ್ರೂಪಿನಲ್ಲಿ, ಪ್ರತಿ ಗ್ರೂಪಿನಲ್ಲೂ ‘ನೋಡಿ ಈಗಿನ ಹೆಂಗಸರ ಕತೆ’. ಹಾಗೆ ಹಂಚಿದವರಲ್ಲಿ ಒಬ್ಬ, ಮಗಳ ಹೆಸರಿಗೆ ಬಂದಿದ್ದ 3,000 ರೂಪಾಯಿಯ ಆದೇಶಕ್ಕೆ ಮೇಲ್ಮನವಿ ಹಾಕಿಸಲು ವಕೀಲರ ಕಚೇರಿಯಲ್ಲಿ ಕಾಯುತ್ತ ಕೂತಿದ್ದ ಎಂದು ನಾನು ಊಹಿಸುತ್ತೇನೆ. ಆರು ಲಕ್ಷದವಳನ್ನು ಕ್ಯಾಮೆರಾ ತೋರಿಸಿತು. ಮೂರು ಸಾವಿರದವಳು ವೈರಲ್ ಆಗುವಷ್ಟು ಸ್ವಾರಸ್ಯಕರಳಲ್ಲ.

ಆದೇಶ ಬಂದರೆ ಕತೆ ಮುಗಿಯಿತು ಎಂದುಕೊಳ್ಳುವವರು ಅಮಲ್ಜಾರಿ ಎಂಬ ಶಬ್ದ ಕೇಳಿಲ್ಲ. ಬಾಕಿ ವಸೂಲಿಗೆ ಮತ್ತೆ ಅರ್ಜಿ, ಮತ್ತೆ ನೋಟಿಸು, ಮತ್ತೆ ‘ಮನೆ ಬೀಗ’. ಬಾಕಿ ಬಿದ್ದ ದಿನದಿಂದ ಒಂದು ವರ್ಷದೊಳಗೆ ಕೇಳದಿದ್ದರೆ ಆ ಬಾಕಿಗೆ ವಾರೆಂಟು ಸಿಗುವುದಿಲ್ಲ, ಆದ್ದರಿಂದ ವರ್ಷ ಹೇಗಾದರೂ ದಾಟಿಸುವುದು ಇಲ್ಲಿನ ಪಟ್ಟು. ಒಂದು ಅರ್ಜಿ ಬಾಕಿ ಇರುವಾಗ ಮುಂದಿನ ತಿಂಗಳುಗಳಿಗೆ ಮತ್ತೆ ಮತ್ತೆ ಬೇರೆ ಅರ್ಜಿ ಬೇಕಿಲ್ಲ ಎಂದು ಹೇಳಿಸಿಕೊಳ್ಳಲು ಕರ್ನಾಟಕದ ಒಬ್ಬ ಹೆಣ್ಣುಮಗಳು 2005ರಲ್ಲಿ ಸುಪ್ರೀಂ ಕೋರ್ಟಿನವರೆಗೆ ಹೋಗಬೇಕಾಯಿತು. ಕಟ್ಟದಿದ್ದರೆ ಪ್ರತಿ ತಿಂಗಳ ಬಾಕಿಗೆ ಒಂದು ತಿಂಗಳವರೆಗೆ ಜೈಲು. ‘ಜೈಲಿಗೆ ಹೋಗಿ ಬಂದರೆ ಲೆಕ್ಕ ಚುಕ್ತಾ’ ಎಂದು ಮೀಸೆ ತಿರುವಿದವರಿಗೆ 1988ರಲ್ಲೇ ಉತ್ತರ ಸಿಕ್ಕಿದೆ. ಜೈಲು ವಸೂಲಿಯ ದಾರಿ ಮಾತ್ರ, ಜೈಲಿನೂಟ ಉಂಡರೂ ಸಾಲ ತೀರುವುದಿಲ್ಲ. ಇಲ್ಲೊಂದು ಪವಾಡ ಗಮನಿಸಬೇಕು. ಮೂರು ವರ್ಷ ಒಂದು ಕಾಸೂ ಇಲ್ಲದಿದ್ದ ಮನೆಯಲ್ಲಿ, ಪೊಲೀಸರು ವಾರೆಂಟು ಹಿಡಿದು ಬಾಗಿಲಿಗೆ ಬಂದ ಎರಡು ಗಂಟೆಯೊಳಗೆ ಅಣ್ಣ ಒಂದು ಕಟ್ಟು, ಭಾವ ಒಂದು ಕಟ್ಟು ತಂದು ಮೇಜಿನ ಮೇಲಿಡುತ್ತಾರೆ. ಬ್ಯಾಂಕಿನಲ್ಲಿ ಇರದ ಹಣ ಬೀರುವಿನಲ್ಲಿ ಇರುತ್ತದೆ.

ಕಟ್ಟುವ ಗತಿ ಬಂದರೂ ಸೋತಂತೆ ಕಾಣಬಾರದಲ್ಲ. 2023ರಲ್ಲಿ ಜೈಪುರದ ಗಂಡನೊಬ್ಬನ ಕಡೆಯವರು 55,000 ರೂಪಾಯಿಯನ್ನು ಒಂದು, ಎರಡು ರೂಪಾಯಿಯ ನಾಣ್ಯಗಳಲ್ಲಿ ಏಳು ಚೀಲ ತುಂಬಿ ಕೋರ್ಟಿಗೆ ಹೊತ್ತು ತಂದರು. ಮರುವರ್ಷ ಕೊಯಮತ್ತೂರಿನಲ್ಲಿ ಇನ್ನೊಬ್ಬ 80,000 ರೂಪಾಯಿಯ ಚಿಲ್ಲರೆ ತಂದ, ನೋಟಿನಲ್ಲಿ ತನ್ನಿ ಎಂದು ನ್ಯಾಯಾಧೀಶರು ವಾಪಸು ಕಳಿಸಿದರು. 2011ರ ನಾಣ್ಯ ಕಾಯ್ದೆಯ ಪ್ರಕಾರ ರೂಪಾಯಿ ನಾಣ್ಯಗಳು ಸಾವಿರ ರೂಪಾಯಿಯವರೆಗಿನ ಪಾವತಿಗೆ ಮಾತ್ರ ಕಾನೂನುಬದ್ಧ. ಅದಿರಲಿ, ಆ ಶ್ರದ್ಧೆಯನ್ನು ನೋಡಿ. ಅಷ್ಟು ಚಿಲ್ಲರೆ ಒಟ್ಟುಮಾಡಲು ಅಲೆದ ಅಂಗಡಿಗಳೆಷ್ಟು, ಚೀಲ ಹೊತ್ತ ಭುಜಗಳೆಷ್ಟು! ಕೈಕಾಲು ಗಟ್ಟಿಯಾಗಿವೆ, ಕೂಲಿ ಮಾಡಲು ಅಡ್ಡಿಯಿಲ್ಲ ಎಂದು ಸುಪ್ರೀಂ ಕೋರ್ಟು ಹೇಳಿದ್ದನ್ನು ಇವರು ನ್ಯಾಯಾಲಯದ ಅಂಗಳದಲ್ಲೇ ಸಾಬೀತು ಮಾಡಿ ತೋರಿಸಿದರು.

ಹೆಣ್ಣುಮಕ್ಕಳಿಗೆ ಒಂದು ಮಾತು ಹೇಳಿಬಿಡುತ್ತೇನೆ, ಇದರಲ್ಲಿ ವ್ಯಂಗ್ಯವಿಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಮಹಿಳೆಗೆ ಆದಾಯದ ಮಿತಿಯೇ ಇಲ್ಲದೆ ಉಚಿತ ವಕೀಲರು ಸಿಗುತ್ತಾರೆ. ತಾಲ್ಲೂಕು ಕೋರ್ಟಿನ ಆವರಣದಲ್ಲೇ ಅದರ ಸಮಿತಿ ಇರುತ್ತದೆ. ಗಂಡ ತಾನು ಬಡವನೆಂದು ಸಾಬೀತು ಮಾಡಲು ದುಬಾರಿ ವಕೀಲರನ್ನು ಇಡುತ್ತಾನೆ, ಅದರ ಎದುರು ಇದಾದರೂ ಇರಲಿ.

ಇನ್ನು ಗಂಡಂದಿರಿಗೆ, ಪಟ್ಟುಗಳ ಪಾಠದ ಕೊನೆಯ ಅಧ್ಯಾಯ. ಎಳೆಯಿರಿ, ಚೆನ್ನಾಗಿ ಎಳೆಯಿರಿ. ಮಗನಿಗೆ 18 ತುಂಬಿದ ಮಾರನೆಯ ದಿನ ನಿಮ್ಮ ವಕೀಲರು ಒಂದು ಮೆಮೊ ಹಾಕುತ್ತಾರೆ: ‘ಎರಡನೇ ಅರ್ಜಿದಾರನು ಪ್ರಾಪ್ತ ವಯಸ್ಕನಾಗಿದ್ದು, ಇನ್ನು ಮುಂದೆ ಜೀವನಾಂಶಕ್ಕೆ ಅರ್ಹನಿರುವುದಿಲ್ಲ.’ ಹಳೇ ಬಾಕಿ ಬಿಟ್ಟರೆ ಮುಂದಿನದು ಮಾಫಿ. ಗೆದ್ದಿರಿ. ಆದರೆ 144ನೇ ಕಲಂ ಅನ್ನು ಪೂರ್ತಿ ಓದದೆ ಮಡಚಿಡಬೇಡಿ. ಹೆಂಡತಿ, ಮಕ್ಕಳು ಆದ ಮೇಲೆ ಕೊನೆಯಲ್ಲಿ ಇನ್ನಿಬ್ಬರು ಹಕ್ಕುದಾರರ ಹೆಸರಿದೆ: ತಮ್ಮನ್ನು ತಾವು ಸಾಕಿಕೊಳ್ಳಲಾಗದ ತಂದೆ ಮತ್ತು ತಾಯಿ. ನಿಮಗೆ ವಯಸ್ಸಾಗಿ, ಸೈಟು ನಿಜವಾಗಿಯೂ ತಮ್ಮನ ಪಾಲಾಗಿ, ಮಂಡಿನೋವು ನಿಜವಾಗಿಯೂ ಬಂದಾಗ ನೀವೂ ಅದೇ ಕಲಂನಡಿ ಮಗನ ಮೇಲೆ ಅರ್ಜಿ ಹಾಕಬಹುದು. ಮಧ್ಯಂತರ ಜೀವನಾಂಶ ಕೇಳಬಹುದು, 60 ದಿನವೂ ಇದೆ. ಬೇಕಿದ್ದರೆ 2007ರ ಹಿರಿಯ ನಾಗರಿಕರ ಕಾಯ್ದೆಯಡಿ ಉಪವಿಭಾಗಾಧಿಕಾರಿಗಳ ಮುಂದೆ ತಿಂಗಳಿಗೆ 10,000 ರೂಪಾಯಿವರೆಗೂ ಕೇಳಬಹುದು. ಮಗ ಕೈಗೆ ಎಂಬತ್ತು ಎಣಿಸುವವನಾಗಿರುತ್ತಾನೆ. ಅವನು ಆಕ್ಷೇಪಣೆಗೆ ಹೊಸ ವಕೀಲರನ್ನು ಹುಡುಕುವ ತೊಂದರೆಯನ್ನೂ ತೆಗೆದುಕೊಳ್ಳಬೇಕಿಲ್ಲ. ಕೆಲಸವಿಲ್ಲ, ಆಸ್ತಿಯಿಲ್ಲ, ಸಾಲ ವಿಪರೀತ, ಅರ್ಜಿದಾರನು ಗಟ್ಟಿಮುಟ್ಟಾಗಿದ್ದು ದುಡಿಯಲು ಶಕ್ತನಿರುತ್ತಾನೆ ಎಂದು ಅವನ ಅಪ್ಪನೇ ಸಹಿ ಹಾಕಿ ಕೊಟ್ಟ ಪ್ರತಿ ಕೋರ್ಟಿನ ರೆಕಾರ್ಡ್ ರೂಮಿನಲ್ಲಿದೆ. ನಕಲು ಅರ್ಜಿ ಹಾಕಿ, ಹೆಸರುಗಳನ್ನು ಅದಲುಬದಲು ಮಾಡಿಕೊಂಡರೆ ಆಯಿತು.